ಎಂಟು ಇಂಚು

ತೇರದಾಳದ ನಮ್ಮ ಓಣ್ಯಾಗ
ಗಡಿಯಾರ ಇದ್ದಿದ್ದಿಲ್ಲ ಅಂತಲ್ಲ,
ಬೇಕಾಗಿದ್ದಿಲ್ಲ.

ಹೊತ್ತು ಇನ್ನೂ ಮ್ಯಾಲಿರೂವಾಗನ ಅವಸರದ ಪಟಪಟ ಕೇಳಿದರ
ಅದು ಜಿನ್ನವ್ವನ ಮನಿ,
ದೀಪ ಹಚ್ಚೂದ್ರೊಳಗ ಉಂಡು ಕೈ ತೊಳಿಯೋ ಮಂದಿ.
ಎರಡು ಬಡದು, ತಡದು, ಮತ್ತ ಎರಡು:
ಮಾಬುಬೀ. ಎಡಗೈಗೆ ಒಂದು ಬೆರಳು ಕಮ್ಮಿ ಆಕಿಗೆ,
ಕಬ್ಬಿನ ಗಾಣ ತಿಂದದ್ದು.
ರೊಟ್ಟಿಗಿಂತ ಬಳಿ ಸಪ್ಪಳನ ಜೋರಿದ್ದರ ಕಸ್ತೂರಿ,
ನಡೆಯಾಕ ಬಂದು ಆರು ತಿಂಗಳಿಲ್ಲ.
ಸಿಟ್ಟಿನ್ಯಾಗ ಬಡದ ರೊಟ್ಟಿ ನಡುವ ಹರೀತಿತ್ತು.
ಓಣಿಗೆಲ್ಲ ತಿಳೀತಿತ್ತು, ಯಾರೂ ಕೇಳತಿದ್ದಿಲ್ಲ.

ನನ್ನದಕ್ಕ ಅಂಚಿನ್ಯಾಗ ಒಂದು ಸಣ್ಣ ತಗ್ಗು.
ಹಂಚಿಗೆ ಹಾಕೂಮುಂದ ಹೆಬ್ಬೆಟ್ಟು ತಾನ ಒತ್ತತೈತಿ.
ಅವ್ವನ ರೊಟ್ಟಿಗೂ ಇತ್ತು. ಆಕಿ ಕಲಿಸಿದ್ದಲ್ಲ.

ಈಗ ಸಂಘಕ್ಕ ಮಷೀನ್ ಬಂದೈತಿ.
ಉಂಡಿ ಇಡು, ಗುಂಡಿ ಒತ್ತು.
ಎಂಟು ಇಂಚು, ಕೂದಲೆಳಿಯಷ್ಟೂ ಹೆಚ್ಚು ಕಡಿಮಿ ಇಲ್ಲ.
ಸುಳ್ಳು ಯಾಕ ಹೇಳಲಿ, ರಟ್ಟಿ ನೋವು ಹೋತು,
ಎಡಮಗ್ಗಲಿಗೆ ಹೊಳ್ಳಿ ಮಲಗಾಕ ಬರತೈತಿ.
ರೊಕ್ಕನೂ ತಿಂಗಳಾ ತಿಂಗಳಾ ನೆಟ್ಟಗ ಬರತಾವು.
ಬೈಯಾಕ ನನಗ ಬಾಯಿಲ್ಲ.

ಹದಿನೇಳು ಮಂದಿ ಹಿಟ್ಟು ಒಂದ ಪರಾತಿನ್ಯಾಗ,
ಹದಿನೇಳು ತಲಿಗೂ ಒಂದ ನಮೂನಿ ಟೊಪಗಿ.
ಮೊದಮೊದಲು ಮಾಬುಬೀ ಗುಂಡಿ ಒತ್ತೂಮುಂದನೂ
ಎರಡು ಒತ್ತಿ ತಡೀತಿದ್ದಳು. ಮಷೀನ್ ಬಿಕ್ಕತಿತ್ತು.
ರಿಪೇರಿ ಹುಡುಗ ಬಂದ, ಮಷೀನ್ ನೋಡಿದ,
ಮಾಬುಬೀನ್ನ ರಿಪೇರಿ ಮಾಡಿ ಹೋದ.

ಮೊನ್ನೆ, ಯಾರೂ ನೋಡದಾಗ,
ಹೊರಬಿದ್ದ ಹಸಿ ರೊಟ್ಟಿ ಅಂಚಿಗೆ
ಹೆಬ್ಬೆಟ್ಟು ಒತ್ತಿಬಿಟ್ಟೆ. ಒಂದ ಒಂದಕ್ಕ.
ಬೆಂದು, ಒಣಗಿ, ಪ್ಲಾಸ್ಟಿಕ್ ಹೊದ್ದು
ಅದು ಪುಣೆ ಗಾಡಿ ಹತ್ತಿತು.

ವಾರಕ್ಕ ಫೋಟೋ ಬಂತು ಎಲ್ಲಾರ ಫೋನಿಗೂ,
ತಗ್ಗಿನ ಸುತ್ತ ಕೆಂಪು ಗೆರಿ ಎಳದು:
ಇದು ಯಾರದು?

ಜಿನ್ನವ್ವ, ನಂದಲ್ಲ.
ಕಸ್ತೂರಿ, ನಂದಲ್ಲ.
ಮಾಬುಬೀಗೆ ಬರೆಯಾಕ ಬರೂದಿಲ್ಲ,
ಆಕಿ ಮೊಮ್ಮಗ ಜಿನ್ನವ್ವನ ಮಾತ ಎತ್ತಿ ಅಂಟಿಸಿದ.
ಹೊತ್ತು ಮುಳುಗೂದ್ರೊಳಗ ಹದಿನಾರು ಆದುವು.

ನಾನು ಫೋಟೋ ಹಿಗ್ಗಿಸಿ ನೋಡಿದೆ.
ತಗ್ಗಿನ್ಯಾಗ ಗೆರಿ ಗೆರಿ, ಹರಗಿದ ಹೊಲದಂಗ.
ಚಂದ ಬಿದ್ದಿತ್ತು.
ನೋಡತ ನೋಡತ ಫೋನು ಕತ್ತಲಾತು.

ಹೆಬ್ಬೆಟ್ಟು ಇಟ್ಟೆ.
ನಾನ ಅಂತ ಗುರುತು ಹಿಡದು ತೆರೀತು.
ಅದ ಹೆಬ್ಬೆಟ್ಟಿಲೆ ಒಂದೊಂದ ಅಕ್ಷರ ಒತ್ತಿದೆ:
ನಂದಲ್ಲ.