ಳ ಸಾಲದ ವರ್ಷ

ಬೋರಾ ಬಜಾರಿನ ಓಣಿಯಲ್ಲಿ ಎರಡನೆಯ ಮಾಳಿಗೆ,
ಏಣಿಯಂಥ ಮೆಟ್ಟಿಲು, ಹಿಡಿಯಲು ಹಗ್ಗ.
ಹಗಲು ಕ್ಯಾಂಟೀನಿನಲ್ಲಿ ಕಪ್ಪು ಬಸಿ ತೊಳೆದು
ರಾತ್ರಿ ಶಾಲೆ ಮುಗಿಸಿ ಬಂದು
ನಾನು ಅಲ್ಲಿ ಕರಡು ಓದುತ್ತಿದ್ದೆ.
ಮೊಳೆ ಜೋಡಿಸುವವನು ದೂಮಪ್ಪ ಕುಂದರ್,
ಕಣ್ಣು ಕಾಗದದ ಮೇಲೆ, ಕೈ ತಾನಾಗಿ ಖಾನೆಯಲ್ಲಿ.
"ಳ ಮುಗಿಯಿತು" ಅಂದ ಒಂದು ದಿನ,
ಮನೆಯಲ್ಲಿ ಸಕ್ಕರೆ ಮುಗಿಯಿತು ಅನ್ನುವ ಹಾಗೆ.

ಸವೆದಿದ್ದವು. ಎಷ್ಟೆಂದು ಏಟು ತಿಂದಾವು?
ಒಂದಕ್ಕಿಂತ ಹೆಚ್ಚಿದ್ದರೆ ಸಾಕು, ಕನ್ನಡಕ್ಕೆ ಳ ಬೇಕು.
ಹೆಣ್ಣೊಬ್ಬಳು ಏನು ಮಾಡಿದರೂ ಕೊನೆಗೆ ಳ ಬೇಕು.
ಮೊಳೆ ಅನ್ನಲಿಕ್ಕೂ.
ಹೊಸದು ಎರಕ ಹೊಯ್ಯುವವನಿಗೆ ಹಳೆ ಬಾಕಿ ತೀರಿರಲಿಲ್ಲ.
ಕೆಳಗಿನ ಮರಾಠಿ ಪ್ರೆಸ್ಸಿನಲ್ಲಿ ಳ ರಾಶಿ ಬಿದ್ದಿತ್ತು,
ಎದುರಿನ ಗುಜರಾತಿಯವನ ಬಳಿಯೂ.
ದನಿ ಅದೇ, ಮುಖ ಬೇರೆ.
ನೆರೆಮನೆಯಿಂದ ಉಪ್ಪು ತರಬಹುದು,
ಅಕ್ಷರ ತರಲಾಗುವುದಿಲ್ಲ.

ಮಾಲಕ ನಾಗರಕಟ್ಟಿಯವರು ನನ್ನ ಕಡೆ ನೋಡಿದರು:
"ಮಾತು ಬದಲಿಸು. ಅರ್ಥ ಕೆಡಬಾರದು."

ಬದಲಿಸಿದೆ.
ಮಳೆ ತೆಗೆದು ವರ್ಷ ಇಟ್ಟೆ. 'ದಾದರಿನಲ್ಲಿ ಭಾರಿ ವರ್ಷ.'
ಮಾಟುಂಗದಿಂದ ಒಬ್ಬರು ಕಾರ್ಡು ಬರೆದರು:
ನಮಗೂ ಈ ವರ್ಷ ಭಾರಿಯೇ ಸ್ವಾಮಿ, ಬಾಡಿಗೆ ಏರಿದೆ.
ಕಳ್ಳ ಚೋರನಾದ.
ಬೋರಿವಲಿ ಪೊಲೀಸರ ಕೈಗೆ ಸಿಕ್ಕ ಬಡಪಾಯಿ
ಕಿರೀಟ ಕಟ್ಟಿ ರಂಗಕ್ಕೆ ಬಂದವನಂತೆ ಕಂಡ.
ಗಿರಣಿ ಯೂನಿಯನ್ನಿನ ಹತ್ತು ಬೇಡಿಕೆಗಳು
ಹತ್ತು ಬೇಡಿಕೆಯಾದವು; ಈಡೇರದ್ದರಿಂದ
ಯಾರಿಗೂ ವ್ಯತ್ಯಾಸ ತಿಳಿಯಲಿಲ್ಲ.

ಹೆಂಗಸರದೇ ಕಷ್ಟ.
ನುಡಿದಳು, ಅಂದಳು, ಉಸುರಿದಳು,
ಯಾವ ಮಾತು ಹೆಕ್ಕಿ ತಂದರೂ ಬಾಲದಲ್ಲಿ ಅದೇ.
ಬೇರೆ ದಾರಿ ಕಾಣದೆ ಎಲ್ಲರಿಗೂ ಗೌರವ ಕೊಟ್ಟೆ.
ಟ್ರಾಮಿನಲ್ಲಿ ಕಿಸೆ ಕತ್ತರಿಸಿ ಸಿಕ್ಕಿಬಿದ್ದವರು,
ಸಾಸೂನ್ ಡಾಕಿನಲ್ಲಿ ಬಂಗಡೆಗೆ ಜಗಳ ತೆಗೆದವರು,
ಗಂಡನಿಗೆ ಸಟ್ಟುಗದಲ್ಲಿ ಬಾರಿಸಿದವರು.
ನಾಲ್ಕು ತಿಂಗಳು ಈ ಊರಿನ ಯಾವ ಹೆಣ್ಣೂ
ನಮ್ಮ ಪತ್ರಿಕೆಯಲ್ಲಿ ಏಕವಚನದಲ್ಲಿರಲಿಲ್ಲ.

ಒಂದು ಭಾನುವಾರ ವಾರಿಜ ಬಂಗೇರ ಬಂದರು.
ಪರೇಲಿನ ಗಿರಣಿ, ವೈಂಡಿಂಗ್ ಖಾತೆ,
ತಲೆಗೂದಲಲ್ಲಿ ಇನ್ನೂ ಹತ್ತಿಯ ಎಳೆ.
ಎರಡು ರೂಪಾಯಿ, ಮಡಚಿದ ಚೀಟಿ:
'ನಮ್ಮ ಮಗಳು ಗುಲಾಬಿ ಮೊನ್ನೆ ಹೋದಳು.
ತುಂಬಾ ನಗುತ್ತಿದ್ದಳು.'

ತಿದ್ದಿ ಓದಿ ಹೇಳಿದೆ:
'ನಮ್ಮ ಸುಪುತ್ರಿ ಕುಮಾರಿ ಗುಲಾಬಿಯವರು ಮೊನ್ನೆ ನಿಧನರಾದರು.
ಸದಾ ಹಸನ್ಮುಖಿಯಾಗಿದ್ದರು.'

"ಇದು ಯಾರ ಮನೆಯದು?"

"ನಿಮ್ಮದೇ. ಅರ್ಥ ಒಂದೇ ಅಲ್ಲವಾ."

"ಆರು ವರ್ಷ, ಮಗಾ.
ನೀನು ಹೇಳುವವರು ಯಾರೋ ಹಲ್ಲು ಬಿದ್ದ ಅಜ್ಜಿ.
ನನ್ನದಕ್ಕೆ ಬಿದ್ದದ್ದು ಎರಡೇ. ಮುಂದಿನವು."

ದೂಮಪ್ಪ ಬಾಯಿ ಬಿಡಲಿಲ್ಲ.
ಖಾನೆ ಬೋರಲು ಹಾಕಿ ತಟ್ಟಿದ. ಒಂದು ಉದುರಿತು.
ಇದ್ದಬದ್ದದ್ದನ್ನೆಲ್ಲ ಮಂತ್ರಿಗಳ ಭಾಷಣಕ್ಕೆಂದು ಎತ್ತಿಟ್ಟಿತ್ತು,
ಮುಖಪುಟ ಆಗಲೇ ಬಿಗಿದಿತ್ತು.
ನೂಲು ಬಿಚ್ಚಿ, ಚಿಮಟ ಇಳಿಸಿ, ಎರಡು ಕಿತ್ತ.
ಮಂತ್ರಿಗಳು ಬರೀ ಮಂತ್ರಿಯಾದರು,
ಅವರ ಯೋಜನೆಗಳು ಒಂದೇ ಯೋಜನೆ.

ಕರಡು ತೆಗೆಯುವವರೆಗೂ ಆಕೆ ಕೂರಲಿಲ್ಲ.
ಓದು ಬರುತ್ತಿತ್ತೋ ಇಲ್ಲವೋ,
ಸಾಲಿನ ಮೇಲೆ ಬೆರಳಾಡಿಸಿ
ಮೂರು ಕಡೆ ನಿಂತರು.
ಮಸಿ ಹಸಿ ಇತ್ತು, ಹತ್ತಿಕೊಂಡಿತು.
ಸೆರಗಿಗೆ ಒರೆಸಿಕೊಳ್ಳದೆ ಕೈಯನ್ನು ಹಾಗೇ ಹಿಡಿದು
ಹಗ್ಗ ಮುಟ್ಟದೆ ಮೆಟ್ಟಿಲಿಳಿದು ಹೋದರು.

ಮಂಗಳವಾರ ಪುಟ ಒಡೆದು
ಮೊಳೆಗಳನ್ನೆಲ್ಲ ಅವುಗಳ ಮನೆಗೆ ಸೇರಿಸುವಾಗ
ಆ ಮೂರನ್ನು ದೂಮಪ್ಪ ತನ್ನ ಸುಣ್ಣದ ಡಬ್ಬಿಗೆ ಹಾಕಿದ.
ನಾಗರಕಟ್ಟಿಯವರು ಎರಡು ಸಲ ಕೇಳಿದರು.
"ಸವೆದಿವೆ" ಅಂದ.
ಡಬ್ಬಿ ತೆರೆದು ನಾನು ಮುಟ್ಟಿ ನೋಡಿದ್ದೆ.
ಅಂಚು ಚುಚ್ಚುತ್ತಿತ್ತು.

ತಪ್ಪು ಕಂಡರೆ ಗೆರೆ ಎಳೆಯುವುದು ನನ್ನ ಕೆಲಸ.
ಎಳೆಯಲಿಲ್ಲ.