ತಳದ ಬರಹ

ಮೊದಲನೆಯದು ಒಡೆದದ್ದು ನನ್ನ ಕೈಯಲ್ಲೇ,
ಸಾಗರದ ಈ ಬಾಡಿಗೆ ಮನೆಗೆ ಬಂದ ಮೂರನೇ ವಾರ.
ತೊವ್ವೆ ಗಟ್ಟಿಯಾಯಿತೆಂದು
ಅರ್ಧ ಲೋಟ ತಣ್ಣೀರು ಸುರಿದೆ, ಅಷ್ಟೆ.
ಟಪ್ ಎಂದಿತು. ದೊಡ್ಡ ಸದ್ದೇನಲ್ಲ,
ಹಲಸಿನ ಬೀಜ ಕೆಂಡದಲ್ಲಿ ಸಿಡಿದಷ್ಟು.
ಬೇಳೆ ಬರ್ನರಿನೊಳಗಿಳಿದು ಉರಿ ಹಳದಿಯಾಗಿ
ಆಮೇಲೆ ಉರಿಯೂ ಇಲ್ಲ,
ಬರೀ ಸುಯ್ ಎನ್ನುವ ಗ್ಯಾಸು.

ಮಹಡಿಯಿಂದ ಇಳಿದು ಬಂದರು ಸಿಸಿಲಿಯಾ ಬಾಯಿ,
ಕಾಲೇಜಿನ ಕೆಮಿಸ್ಟ್ರಿ ಲ್ಯಾಬಿನಲ್ಲಿ
ಮೂವತ್ತೊಂದು ವರ್ಷ ಅಟೆಂಡರು.
ರೆಗ್ಯುಲೇಟರ್ ತಿರುಗಿಸಿದರು, ಕಿಟಕಿ ತೆರೆದರು,
"ಚಪ್ಪಲಿ ಹಾಕ್ಕೋ" ಅಂದರು,
ಬೈಯಲಿಲ್ಲ.
ದೊಡ್ಡ ಚೂರೊಂದನ್ನು ಬೆಳಕಿಗೆ ಹಿಡಿದು
"ಇದು ಓವನ್ನಿನದು ಮಾರಾಯ್ತಿ, ಒಲೆಯದಲ್ಲ.
ತಳ ನೋಡಿದ್ಯಾ? ಬರೆದಿರ್ತಾರೆ."
ನೋಡಿರಲಿಲ್ಲ.
ಮದುವೆಗೆ ಬಂದ ಉಡುಗೊರೆಯ ತಳವನ್ನು
ಯಾರು ಓದುತ್ತಾರೆ?

ಅವರಲ್ಲೊಂದು ಗಾಜಿನ ಪಾತ್ರೆಯುಂಟು, ಉದ್ದ ಹಿಡಿಯದು,
ನಿವೃತ್ತಿಯ ದಿನ ಹುಡುಗರು ಕೊಟ್ಟದ್ದು.
ತಳದಲ್ಲಿ ಒಲೆಯ ಚಿತ್ರ.
ದಿನಾ ಸಂಜೆ ಅದರಲ್ಲಿ ಕಷಾಯ.
ತೊಳೆದ ಮೇಲೆ ಬಾಯಿಯ ಸುತ್ತ ಬೆರಳಾಡಿಸುತ್ತಾರೆ,
ಎಲ್ಲಾದರೂ ಚಕ್ಕೆ ಎದ್ದಿದೆಯೋ, ಗೀರು ಬಿದ್ದಿದೆಯೋ ಎಂದು,
ಹಸುಳೆಯ ಒಸಡಲ್ಲಿ ಹಲ್ಲು ಹುಡುಕಿದ ಹಾಗೆ.
ಒಂದು ಹನಿಯೂ ಉಳಿಯದಂತೆ ಹೊರಮೈ ಒರೆಸಿ,
ಬರ್ನರಿನ ಮೇಲೆ ತಂತಿ ಜಾಲರಿ, ಅದರ ಮೇಲೆ ಪಾತ್ರೆ,
ಒಳಗೆ ನೀರು, ಆಮೇಲಷ್ಟೇ ಬೆಂಕಿಕಡ್ಡಿ.
ಉರಿ ಸಂಪಿಗೆ ಮೊಗ್ಗಿನಷ್ಟು.
ಫ್ರಿಜ್ಜಿನ ಹಾಲು ಕಟ್ಟೆಯ ಮೇಲೆ ಕೂತು
ಚಳಿ ಬಿಡುತ್ತಿರುತ್ತದೆ.

"ವರ್ಷಕ್ಕೆ ನಲವತ್ತು ಬೀಕರು ಒಡೀತಿದ್ರು.
ರಿಜಿಸ್ಟರಿನಲ್ಲಿ ಕಾರಣ ಅಂತೊಂದು ಕಾಲಮ್ಮು.
ಎಲ್ಲರೂ ಬರೆದದ್ದು 'ತಾನಾಗಿಯೇ'."
ನಕ್ಕರು. ನಾನೂ ಅದನ್ನೇ ಹೇಳಿದ್ದೆ,
ನನ್ನ ಗಂಡನಿಗೆ.

ಗಾಜಿನಲ್ಲಿ ಕುದಿ ಮೊದಲಿನಿಂದ ಕಾಣುತ್ತದೆ.
ತಳದಲ್ಲಿ ಸಾಸಿವೆಯಷ್ಟು ಗುಳ್ಳೆ, ಅಂಟಿಕೊಂಡೇ ಇರುತ್ತವೆ;
ಒಂದು ಬಿಡುತ್ತದೆ, ಮತ್ತೊಂದು.
ಕೊತ್ತಂಬರಿಯ ಪುಡಿ ಮುಳುಗಿ, ಎದ್ದು, ತಿರುಗಿ,
ನೀರು ಕಾವಿಯ ಬಣ್ಣಕ್ಕೆ ಬರುವಷ್ಟು ಹೊತ್ತು
ನಾವಿಬ್ಬರೂ ಸುಮ್ಮನೆ ನೋಡುತ್ತೇವೆ.
ಸ್ಟೀಲಿನಲ್ಲಿ ಇಷ್ಟು ವರ್ಷ ಇದೆಲ್ಲ
ನಡೆಯುತ್ತಿತ್ತಲ್ಲ, ನನಗೆ ತಿಳಿಯದೆ.

ಇಳಿಸುವುದು ತಣ್ಣನೆಯ ಕಲ್ಲಿನ ಮೇಲಲ್ಲ,
ಹಳೆಯ ಲ್ಯಾಬ್ ಕೋಟಿನ ತೋಳೆರಡು ಮಡಿಸಿ, ಅದರ ಮೇಲೆ.
ಆಸಿಡ್ಡಿನ ತೂತುಗಳಲ್ಲಿ ಆವಿ.

ಮೊನ್ನೆ ಸಿಲಿಂಡರಿನ ಹಿಂದೆ ಚೂರೊಂದು ಸಿಕ್ಕಿತು,
ನನ್ನ ತೊವ್ವೆಯ ದಿನದ್ದು.
ಪೇಪರಿನಲ್ಲಿ ಮೂರು ಸುತ್ತು ಸುತ್ತಿ
ಮೇಲೆ ದಪ್ಪಗೆ "ಗಾಜು" ಎಂದು ಬರೆದೆ.
ಕಸದ ಗಾಡಿಯ ಚೌಡಮ್ಮನಿಗೆ ಓದು ಬಾರದೆಂದು
ನೆನಪಾಗಿ,
ಬೆಳಿಗ್ಗೆ ಗೇಟಿನ ಬಳಿ ಕಾದು ನಿಂತೆ.