ಮೂಕ ಮನಿ

ಪುಣೆದಿಂದ ಗೋವಾಕ್ಕ ಹೊಂಟಾಂವ
ನಡುರಾತ್ರಿ ಮಿರಜದಾಗ ಹೊಟ್ಟಿ ಹಿಡಕೊಂಡು ಇಳದ.
ಮಿಶನ್ ದವಾಖಾನಿಯವರು ಅಪೆಂಡಿಕ್ಸ್ ಕೊಯ್ದು, ಹೊಲದು,
ಹದಿನೈದು ದಿನ ಏಳಬ್ಯಾಡ ಅಂದ್ರು.
ಒಂಬತ್ತನೇ ದಿನಕ್ಕ ಎದ್ದ.
ಪ್ರಾರ್ಥನಾ ಹಾಲಿನ ಮೂಲ್ಯಾಗ
ಹಳೇ ಚಾದರ ಹೊದ್ದು ನಿಂತಿತ್ತು ಪಿಯಾನೋ.

ನನಗ ಕರೆ ಬಂತು. ನಾನು ಸಾತಲಿಂಗ,
ಜತ್ತಿನಾಂವ, ತಂಬೂರಿ ಗಲ್ಲ್ಯಾಗ ಪೇಟಿ ರಿಪೇರಿ ಮಾಡಾಂವ.
ಇಷ್ಟ ದೊಡ್ಡ ಪೇಟಿ ಜನ್ಮದಾಗ ಬಿಚ್ಚಿದ್ದಿಲ್ಲ.
ಒಳಗ ಇಲಿ ಸಂಸಾರ, ಕೂಸಿನ ಒಂದ ಕಾಲ್ಚೀಲ,
ಯಾರದೋ ಔಷಧದ ಚೀಟಿ.
ತಂತಿ ಎಳದ್ನಿ, ಸುತ್ತಿಗಿಗೆ ಕಂಬಳಿ ತುಂಡು ಅಂಟಿಸಿದ್ನಿ.
ಅಂವ ಬಾಜೂಕ ಕುರ್ಚಿ ಹಾಕ್ಕೊಂಡು
ತನ್ನ ಬಾಳೇವು ಹೇಳಾಕತ್ತ.

ಫ್ರೆಂಚಿನ್ಯಾಗ ನೆನದದ್ದು ಅವನ ಬಾಯಾಗ ಇಂಗ್ಲಿಷಾಗಿ,
ಸಿಸ್ಟರ್ ಸಗುಣಾ ಬಾಯಾಗ ಮರಾಠಿಯಾಗಿ,
ನನ್ನ ತಲ್ಯಾಗ ಕನ್ನಡ ಆಗೂದ್ರಾಗ
ಮೂರು ಅಂಗಡಿ ತಿರುಗಿದ ನೋಟಿನ್ಹಂಗ
ಬರೇ ಚಿಲ್ಲರ ಉಳೀತು.

ಹೆಸರು ಲೂಸ್ಯಾಂ. ಅಪ್ಪ ಬಂದರದಾಗ ಕ್ರೇನ್ ನಡಸಾಂವ.
ಅವ್ವ ಸಾಹುಕಾರರ ಮನ್ಯಾಗ ಇಸ್ತ್ರಿ ಮಾಡುವಾಗ
ಮೇಜಿನ ಕೆಳಗ ಕುಂತು, ಬಾಜೂ ಖೋಲ್ಯಾಗ ಆ ಮನೀ ಹುಡುಗಿ
ತಪ್ಪು ತಪ್ಪು ಬಾರಸೂದು ಕೇಳಿದನಂತ.
"ನಾ ಮೊದಲ ಕಲತದ್ದು ಆ ತಪ್ಪು."
ಜಾಝ್ ಅಂದ್ರೇನು ಅಂತ ಕೇಳಿದ್ನಿ. ಸಿಸ್ಟರಿಗೂ ಗೊತ್ತಿರಲಿಲ್ಲ.
"ಅದ," ಅಂದ, "ಆ ತಪ್ಪನ್ನ ಮತ್ತೊಮ್ಮೆ ಬೇಕಂತ ಬಾರಸೂದು."

ಪ್ಯಾರಿಸಿನ್ಯಾಗ ಮೂವತ್ತು ವರ್ಷ. ನೆಲಮಾಳಿಗಿ ಹೋಟೆಲ್,
ಎದ್ದು ನಿಂತ್ರ ತಲಿ ಬಡೀತಿತ್ತು.
ಹನ್ನೆರಡು ರೆಕಾರ್ಡು ಬಂದ್ವು, ಒಂದು ಖರ್ಚಾತು,
ಉಳದವು ತಂಗಿ ಮನೀ ಅಟ್ಟದ ಮ್ಯಾಲ ಅದಾವು.
ಹಾಡೂ ಹೆಂಡ್ತಿ, ಓದೀಲ್,
ಬಾಸ್ ಬಾರಸಾಂವನ ಜೋಡಿ ಹೋದ್ಲು.
ಮರುದಿನಾನೂ ಇಂವ ಅವನ ಜೋಡೀನ ಬಾರಸಿದ.
ಸಿಸ್ಟರ್ ಸಗುಣಾ ಮರಾಠಿ ಮಾಡೂದು ಬಿಟ್ಟು ಸುಮ್ಮನಾದ್ಲು.
ಆಮ್ಯಾಲ ತಾನ ಕೇಳಿದ್ಲು: ಯಾಕ?
"ಅವನಷ್ಟು ಛಲೋ ತಾಳ ಹಿಡಿಯಾಂವ
ಊರಾಗ ಇನ್ನೊಬ್ಬ ಇರಲಿಲ್ಲ."

ಎಂಬತ್ತೆಂಟರಾಗ ಎಂಬತ್ತೇಳು ಮನಿ ಮಾತಾಡಿದ್ವು.
ನಡೂಕ, ಕರಿ ಎರಡರ ಬಾಜೂದ ಒಂದು ಬಿಳಿ ಮನಿ
ಏನ ಮಾಡಿದ್ರೂ ಬಾಯಿ ಬಿಡಲಿಲ್ಲ.
ನಾಚಿಕಿ ಆತು. ರೊಕ್ಕ ಬ್ಯಾಡ ಅಂದ್ನಿ.
ಅಂವ ಹೊಟ್ಟಿ ಹೊಲಿಗಿ ಮ್ಯಾಲ ಒಮ್ಮೆ ಕೈ ಇಟ್ಟು ಬಾರಸಾಕ ಕುಂತ.
ಎಲ್ಲೆಲ್ಲೋ ತಿರುಗಿ ಆ ಮೂಕ ಮನಿಗೇ ಬರಾಂವ,
ಬಾಗಲಾ ಬಡಿಯಾಂವ,
ಒಳಗ ಯಾರೂ ಇಲ್ಲಂತ ಗೊತ್ತಿದ್ದೂ
ಒಂದು ಗಳಗಿ ಕಾಯ್ದು ಮುಂದ ಹೋಗಾಂವ.
ಸಲಾಯಿನ್ ಬಾಟ್ಲಿ ಎತ್ತಿ ಹಿಡಕೊಂಡು
ಹೆಂಗಸರ ವಾರ್ಡಿನ ಮುದುಕಿ ಒಬ್ಬಾಕಿ ಕಂಬಕ್ಕಾತು ನಿಂತಿದ್ಲು.

ಎರಡು ವರ್ಷಕ್ಕ ಪಾರ್ಸಲ್ ಬಂತು. ಹದಿಮೂರನೇ ರೆಕಾರ್ಡು.
ಅದನ್ನ ಹಾಕೂ ಮಷೀನ್ ಹುಡುಕೂದ್ರಾಗ ಎಂಟು ದಿನ ಹೋದ್ವು.
ಅದು ಪ್ಯಾರಿಸಿನ ಪಿಯಾನೋ. ಎಲ್ಲಾ ಮನಿ ಗಟ್ಟಿ ಇದ್ದಾವು.
ಆದ್ರ ಮೂರನೇ ಹಾಡಿನ್ಯಾಗ
ಕರಿ ಎರಡರ ಬಾಜೂ ಬಂದು
ಅಂವ ನಿಂತ.
ಅಂಗಡ್ಯಾಗ ಕುಂತಾಂವ ನಾ ಎದ್ದ್ನಿ,
ಯಾರೋ ಬಾಗಲಾ ಬಡದ್ಹಂಗಾಗಿ.